ಡಿಎಲ್‌ಎಲ್ ಇಲ್ಲ ಅಂದರೆ ಡಿಎಲ್‌ಎಲ್ ಹುಡುಕಬೇಡಿ

ಮೊನ್ನೆ ಅಕ್ಕನ ಮಗ ಒಂದು ಫೋಟೋ ಕಳಿಸಿದ. ಹೊಸ ಗೇಮ್ ತೆರೆಯಲು ಹೋದರೆ ಪರದೆ ಮೇಲೆ ಪುಟ್ಟ ಪೆಟ್ಟಿಗೆ: ಎಂಎಸ್‌ವಿಸಿಪಿ140 ಡಾಟ್ ಡಿಎಲ್‌ಎಲ್ ಸಿಗಲಿಲ್ಲವಂತೆ. ಕೆಳಗೆ ಅವನ ಪ್ರಶ್ನೆ: "ಮಾಮ, ಈ ಫೈಲ್ ಡೌನ್‌ಲೋಡ್ ಮಾಡಿ ಹಾಕಿದ್ರೆ ಸಾಕಲ್ವಾ?"

ಸಾಲದು. ಅವನ ವಯಸ್ಸಿನಲ್ಲಿ ನಾನೂ ಅದನ್ನೇ ಮಾಡಿದ್ದೆ. ಯಾವುದೋ ಸೈಟಿನಿಂದ ಒಂದು ಡಿಎಲ್‌ಎಲ್ ತಂದು ವಿಂಡೋಸಿನ ಸಿಸ್ಟಂ32 ಫೋಲ್ಡರಿಗೆ ಹಾಕಿದೆ. ಹಳೆ ಎರರ್ ಹೋಯಿತು, 0ಎಕ್ಸ್‌ಸಿ000007ಬಿ ಅಂತ ಹೊಸದು ಬಂತು. ಎರಡು ದಿನ ತಲೆ ಕೆರೆದುಕೊಂಡ ಮೇಲೆ ತಿಳಿಯಿತು: ಪ್ರೋಗ್ರಾಂ 64 ಬಿಟ್‌ದು, ನಾನು ತಂದ ಫೈಲ್ 32 ಬಿಟ್‌ದು, ಒಂದಕ್ಕೊಂದು ಹೊಂದುವುದಿಲ್ಲ. ಅದೃಷ್ಟಕ್ಕೆ ಅದರಲ್ಲಿ ವೈರಸ್ ಇರಲಿಲ್ಲ. ಇದ್ದಿದ್ದರೂ ಆಗ ನನಗೆ ಗೊತ್ತಾಗುತ್ತಿರಲಿಲ್ಲ ಬಿಡಿ.

ಡಿಎಲ್‌ಎಲ್ ಅಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್. ಸಾಮಾನ್ಯ ಕೆಲಸಗಳ ಕೋಡನ್ನು ಪ್ರತಿಯೊಂದು ಪ್ರೋಗ್ರಾಂ ತಾನೇ ಹೊತ್ತುಕೊಂಡು ಬಂದರೆ ಡಿಸ್ಕಿನಲ್ಲಿ ಜಾಗ ದಂಡ. ಒಂದೇ ಕಡೆ ಇಟ್ಟರೆ ದೋಷವನ್ನೂ ಒಂದೇ ಕಡೆ ಸರಿಪಡಿಸಬಹುದು. ಆದರೆ ಆ ಒಂದು ಫೈಲ್ ಕಾಣೆಯಾದರೆ ಅದನ್ನು ನಂಬಿದವರೆಲ್ಲ ಕೈಚೆಲ್ಲಿ ಕೂರುತ್ತಾರೆ. ಪ್ರೋಗ್ರಾಂ ಶುರುವಾಗುವಾಗ ವಿಂಡೋಸ್ ಸಾಮಾನ್ಯವಾಗಿ ಮೊದಲು ಆ ಪ್ರೋಗ್ರಾಂ ಇರುವ ಫೋಲ್ಡರಿನಲ್ಲೇ ಹುಡುಕುತ್ತದೆ, ಆಮೇಲೆ ಸಿಸ್ಟಂ ಫೋಲ್ಡರಿಗೆ ಹೋಗುತ್ತದೆ. ಎಲ್ಲೂ ಸಿಗದಿದ್ದರೆ ಆ ಪೆಟ್ಟಿಗೆ ಬರುತ್ತದೆ.

ಇನ್ನು ಪೆಟ್ಟಿಗೆಯಲ್ಲಿರುವ ಹೆಸರನ್ನು ನಿಧಾನವಾಗಿ ಓದಿ. ಅರ್ಧ ಉತ್ತರ ಅಲ್ಲೇ ಇದೆ.

ಎಂಎಸ್‌ವಿಸಿಪಿ ಅಥವಾ ವಿಸಿರನ್‌ಟೈಂ ಅಂತ ಶುರುವಾದರೆ ಅದು ಮೈಕ್ರೋಸಾಫ್ಟಿನ ವಿಷುಯಲ್ ಸಿ++ (ಪ್ರೋಗ್ರಾಂ ಬರೆಯುವ ಸಾಧನ) ಫೈಲ್‌ಗಳ ಕಟ್ಟಿನದು. ಕೊನೆಯ ಅಂಕಿ ಯಾವ ಕಟ್ಟು ಅಂತ ಹೇಳುತ್ತದೆ: 100 ಇದ್ದರೆ 2010ರ ಆವೃತ್ತಿ, 110 ಇದ್ದರೆ 2012, 120 ಇದ್ದರೆ 2013. 140 ಇದ್ದರೆ 2015ರಿಂದ ಈಚಿನದು. ಈ ಕಟ್ಟಿನ ಹೆಸರು ರೀಡಿಸ್ಟ್ರಿಬ್ಯೂಟಬಲ್. ಮೈಕ್ರೋಸಾಫ್ಟಿನ ಸೈಟಿನಲ್ಲೇ ಪುಕ್ಕಟೆ ಸಿಗುತ್ತದೆ. ನಿಮ್ಮ ವಿಂಡೋಸ್ 64 ಬಿಟ್ ಆಗಿದ್ದರೂ ಎಕ್ಸ್64 (64 ಬಿಟ್‌ದು) ಮತ್ತು ಎಕ್ಸ್86 (32 ಬಿಟ್‌ದು) ಎರಡನ್ನೂ ಹಾಕಿ, ಯಾಕೆಂದರೆ 32 ಬಿಟ್ ಪ್ರೋಗ್ರಾಂಗೆ ಎಕ್ಸ್86 ಬೇಕೇ ಬೇಕು. ಇನ್‌ಸ್ಟಾಲ್ ಆದ ಪ್ರೋಗ್ರಾಂಗಳ ಪಟ್ಟಿಯಲ್ಲಿ 2010, 2013 ಅಂತ ಹಳೆಯವು ಕಂಡರೆ ಕಸ ಅಂದುಕೊಂಡು ಕಿತ್ತುಹಾಕಬೇಡಿ. ಹೊಸದು ಅವುಗಳ ಕೆಲಸ ಮಾಡುವುದಿಲ್ಲ.

ಡಿ3ಡಿಎಕ್ಸ್9 ಅಂತ ಶುರುವಾದರೆ ಹಳೆ ಗೇಮಿಗೆ ಬೇಕಾದ ಡೈರೆಕ್ಟ್‌ಎಕ್ಸ್ (ಗೇಮಿನ ಚಿತ್ರ, ಸದ್ದು ನೋಡಿಕೊಳ್ಳುವ ಕೋಡ್) ಫೈಲ್. ಹೊಸ ವಿಂಡೋಸಿನಲ್ಲಿ ಡೈರೆಕ್ಟ್‌ಎಕ್ಸ್ 12 ಇದ್ದರೂ ಇವು ಅದರ ಜೊತೆ ಬರುವುದಿಲ್ಲ. ಮೈಕ್ರೋಸಾಫ್ಟಿನ ಜೂನ್ 2010ರ ಡೈರೆಕ್ಟ್‌ಎಕ್ಸ್ ರನ್‌ಟೈಂ ಹಾಕಿಕೊಳ್ಳಬೇಕು.

ಹೆಸರು ಇವೆರಡೂ ಅಲ್ಲ, ಆ ಪ್ರೋಗ್ರಾಂನದೇ ಅನ್ನಿಸುತ್ತಿದೆಯಾ? ಆಂಟಿವೈರಸ್ ಅನುಮಾನ ಬಂದ ಫೈಲ್‌ಗಳನ್ನು ಕೂಡಿಹಾಕುವ ಕ್ವಾರಂಟೈನ್ ಪಟ್ಟಿ ನೋಡಿ. ಎಷ್ಟೋ ಸಲ ಫೈಲ್ ಅಲ್ಲಿ ಬಂಧಿಯಾಗಿರುತ್ತದೆ. ಪ್ರೋಗ್ರಾಂ ನಂಬಿಕಸ್ತರದ್ದಾದರೆ ಬಿಡಿಸಿ, ಇಲ್ಲದಿದ್ದರೆ ಅದು ಅಲ್ಲೇ ಇರಲಿ. ಅಲ್ಲೂ ಇಲ್ಲ ಅಂದರೆ ಪ್ರೋಗ್ರಾಂ ತೆಗೆದು ಮತ್ತೆ ಹಾಕಿ. ಪೆಟ್ಟಿಗೆಯ ಕೊನೆ ಸಾಲಿನಲ್ಲೂ ಅದನ್ನೇ ಬರೆದಿರುತ್ತಾರೆ, ನಾವು ಓದುವುದಿಲ್ಲ ಅಷ್ಟೇ.

ವಿಂಡೋಸಿನದೇ ಫೈಲ್ ಕೆಟ್ಟಿದ್ದರೆ ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು, ಕೆಟ್ಟದ್ದನ್ನು ಸರಿಮಾಡುವ ಎರಡು ಆಜ್ಞೆ ಕೊಡಬೇಕು. ಮೊದಲು ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್, ಅದು ಮುಗಿದ ಮೇಲೆ ಎಸ್‌ಎಫ್‌ಸಿ /ಸ್ಕ್ಯಾನ್‌ನೌ. ಟೈಪ್ ಮಾಡುವಾಗ ಇಂಗ್ಲಿಷ್ ಅಕ್ಷರಗಳಲ್ಲೇ ಮಾಡಿ, ಪ್ರತಿ ಓರೆಗೆರೆಗೆ ಮುಂಚೆ ಒಂದು ಸ್ಪೇಸ್ ಇರಲಿ. ನಡುವೆ ಕೆಲವೊಮ್ಮೆ ಶೇಕಡಾ ಅಂಕಿ ಒಂದೇ ಕಡೆ ನಿಂತುಬಿಡುತ್ತದೆ. ಹ್ಯಾಂಗ್ ಆಯ್ತು ಅಂತ ಮುಚ್ಚಬೇಡಿ.

ರೆಗ್‌ಎಸ್‌ವಿಆರ್32 ಓಡಿಸಿ ಅಂತ ಯಾರಾದರೂ ಹೇಳಿಯೇ ಹೇಳುತ್ತಾರೆ. ಅದು ಇರುವ ಫೈಲನ್ನು ವಿಂಡೋಸಿಗೆ ಪರಿಚಯಿಸುವ ಆಜ್ಞೆ, ಅದೂ ಕೆಲವು ಬಗೆಯ ಡಿಎಲ್‌ಎಲ್‌ಗೆ ಮಾತ್ರ. ಇಲ್ಲದ ಫೈಲನ್ನು ಅದು ಎಲ್ಲಿಂದ ತರುತ್ತದೆ?

ಲಿನಕ್ಸಿನಲ್ಲಿ ಕಥೆ ಇದೇ, ಫೈಲ್ ಹೆಸರಿನ ಬಾಲ ಮಾತ್ರ ಡಾಟ್ ಎಸ್‌ಒ. ಎಲ್‌ಡಿಡಿ ಆಜ್ಞೆಗೆ ಪ್ರೋಗ್ರಾಂ ಇರುವ ದಾರಿ ಕೊಟ್ಟರೆ ಯಾವುದು ಸಿಕ್ಕಿಲ್ಲ ಅಂತ ಸಾಲು ಸಾಲಾಗಿ ಹೇಳುತ್ತದೆ. ಅಲ್ಲೂ ಬಿಡಿ ಫೈಲ್ ಬೇಡ, ಅದು ಇರುವ ಪ್ಯಾಕೇಜ್ ಹಾಕಿ.

ಅಕ್ಕನ ಮಗನಿಗೆ ಇಷ್ಟೆಲ್ಲ ಹೇಳಲಿಲ್ಲ, ಮೈಕ್ರೋಸಾಫ್ಟಿನ ಲಿಂಕ್ ಕಳಿಸಿದೆ. ಅರ್ಧ ಗಂಟೆ ಬಿಟ್ಟು ಮೆಸೇಜ್ ಬಂತು: "ಹಾಕಿದೆ ಮಾಮ, ಅದೇ ಎರರ್." ಎರಡೂ ಹಾಕಿದ್ಯಾ ಅಂದೆ. ಎಕ್ಸ್64 ಒಂದೇ ಹಾಕಿದ್ದ. ಇನ್ನೊಂದನ್ನೂ ಹಾಕು ಅಂದೆ. ಆಮೇಲೆ ಮೆಸೇಜೇ ಇಲ್ಲ. ಆಡ್ತಾ ಇರಬೇಕು.