ಹಗಲಲ್ಲೂ ನೆರಳು ಬೀಳಿಸುವ ಬೆಂಕಿಯುಂಡೆ ಕಂಡರೆ ಏನು ಮಾಡಬೇಕು

2013ರ ಫೆಬ್ರವರಿ 15ರ ಬೆಳಿಗ್ಗೆ 9.20ರ ಸುಮಾರಿಗೆ ರಷ್ಯಾದ ಚೆಲ್ಯಾಬಿನ್ಸ್ಕ್ ಪ್ರದೇಶದ ಮೇಲೆ ಸುಮಾರು 20 ಮೀಟರ್ ಅಡ್ಡಳತೆಯ ಕಲ್ಲೊಂದು ಸೆಕೆಂಡಿಗೆ 19 ಕಿ.ಮೀ. ವೇಗದಲ್ಲಿ ನುಗ್ಗಿ, ನೆಲದಿಂದ ಸುಮಾರು 30 ಕಿ.ಮೀ. ಎತ್ತರದಲ್ಲೇ ಸಿಡಿಯಿತು. ಕಲ್ಲು ತಾಗಿ ಯಾರೂ ಸಾಯಲಿಲ್ಲ. ಆದರೂ ಸುಮಾರು 1,500 ಮಂದಿ ಚಿಕಿತ್ಸೆಗೆ ಹೋಗಬೇಕಾಯಿತು, ಹೆಚ್ಚಿನವರಿಗೆ ಗಾಯ ಮಾಡಿದ್ದು ಒಡೆದ ಕಿಟಕಿಯ ಗಾಜು. ಬೆಳಕು ಕಂಡು ಏನಿದು ಎಂದು ನೋಡಲು ಜನ ಕಿಟಕಿಗೆ ಬಂದು ನಿಂತಿದ್ದರು. ಗಾಜು ಒಡೆದ ಆಘಾತ ತರಂಗ (ಸದ್ದಾಗಿ ಬರುವ ಗಾಳಿಯ ಬಲವಾದ ಒತ್ತಡದ ಅಲೆ) ನಗರ ಮುಟ್ಟಿದ್ದು ಎರಡು ನಿಮಿಷ ದಾಟಿದ ಮೇಲೆ. ಬೆಳಕಿಗೂ ಸದ್ದಿಗೂ ನಡುವಿನ ಆ ಹೊತ್ತು ನಿಮ್ಮ ಕೈಯಲ್ಲಿರುವುದು. ಅದನ್ನು ಕಿಟಕಿಯ ಬಳಿ ಕಳೆಯಬೇಡಿ.

ಬೆಳಕು ಕಂಡ ಕ್ಷಣದಿಂದ

ರಾತ್ರಿ ಸಣ್ಣದಾಗಿ ಗೆರೆ ಎಳೆದು ಮಾಯವಾಗುವ ಉಲ್ಕೆಗೆ ಇದೇನೂ ಬೇಡ. ಹಗಲಲ್ಲಿ ನೆರಳು ಬೀಳಿಸುವಷ್ಟು, ಇಲ್ಲವೇ ರಾತ್ರಿಯನ್ನು ಹಗಲಾಗಿಸುವಷ್ಟು ಬೆಳಕು ಬಂದರೆ ಮಾತ್ರ ಹೀಗೆ ಮಾಡಿ.

1. ಅದನ್ನೇ ದಿಟ್ಟಿಸಬೇಡಿ. ಚೆಲ್ಯಾಬಿನ್ಸ್ಕ್‌ನಲ್ಲಿ ಕಣ್ಣು ನೋವು, ಚರ್ಮ ಸುಟ್ಟಂತಾದ ದೂರುಗಳೂ ಬಂದಿದ್ದವು.
2. ಬೆಳಕು ಆರಿದೊಡನೆ ಎಣಿಸಲು ಶುರುಮಾಡಿ. ಎಣಿಸುತ್ತಲೇ ಗಾಜಿನಿಂದ ದೂರ ಸರಿಯಿರಿ. ಒಳಗೋಡೆಗಳ ನಡುವಿನ ಓಣಿ, ಕಿಟಕಿಯಿಲ್ಲದ ಕೋಣೆ, ಗಟ್ಟಿ ಮೇಜಿನ ಅಡಿ ಆದೀತು. ಬೆನ್ನನ್ನು ಕಿಟಕಿಯ ಕಡೆ ಮಾಡಿ, ಕತ್ತನ್ನು ಕೈಗಳಿಂದ ಮುಚ್ಚಿಕೊಳ್ಳಿ.
3. ಹೊರಗಿದ್ದರೆ ಗಾಜಿನ ಮುಖವಿರುವ ಕಟ್ಟಡ, ಹೆಂಚು ಅಥವಾ ಶೀಟಿನ ಮಾಡಿನ ಅಂಚು, ಹಳೆಯ ಕಾಂಪೌಂಡ್ ಗೋಡೆ ಇವುಗಳಿಂದ ಬಯಲಿಗೆ ಬನ್ನಿ.
4. ಐದು ನಿಮಿಷ ಅಲ್ಲೇ ಇರಿ. ಒಂದು ಸದ್ದು ಕೇಳಿತೆಂದು ಎದ್ದು ಬರಬೇಡಿ. ಕಲ್ಲು ಹಲವು ಕಡೆ ಒಡೆದಿದ್ದರೆ ಸದ್ದುಗಳೂ ಒಂದರ ಹಿಂದೊಂದು ಬರುತ್ತವೆ.

ಐದು ನಿಮಿಷದ ಲೆಕ್ಕ ಹೀಗೆ: ಸದ್ದು ಒಂದು ಕಿ.ಮೀ. ಸಾಗಲು ಹತ್ತಿರಹತ್ತಿರ 3 ಸೆಕೆಂಡು ಬೇಕು, ಮೇಲಿನ ತಣ್ಣನೆಯ ಗಾಳಿಯಲ್ಲಿ ಇನ್ನೂ ತುಸು ಹೆಚ್ಚು. 30 ಕಿ.ಮೀ. ಎತ್ತರದಲ್ಲಿ, ನಿಮ್ಮಿಂದ 60 ಕಿ.ಮೀ. ಪಕ್ಕಕ್ಕೆ ಸಿಡಿದಿದ್ದರೆ ನೇರ ದೂರ 67 ಕಿ.ಮೀ. ಎಂದರೆ ಮೂರೂವರೆ ನಿಮಿಷ ದಾಟುತ್ತದೆ. ಎಣಿಕೆಯನ್ನು 3ರಿಂದ ಭಾಗಿಸಿದರೆ ದೂರ ಸಿಕ್ಕಿತೆಂದು ಮಾತ್ರ ನಂಬಬೇಡಿ. ಮೊದಲು ಕಿವಿಗೆ ಬೀಳುವ ಸದ್ದು ಹೆಚ್ಚಾಗಿ ಬೆಂಕಿಯ ಹಾದಿಯಲ್ಲಿ ನಿಮಗೆ ಹತ್ತಿರವಿದ್ದ ಭಾಗದ್ದೇ ಹೊರತು, ಅತಿ ಪ್ರಕಾಶವಾಗಿ ಸಿಡಿದ ಬಿಂದುವಿನದ್ದೇ ಆಗಬೇಕೆಂದಿಲ್ಲ.

ಅದು ಉಲ್ಕೆಯೇ ಹೌದೇ?

ಉಲ್ಕೆಗಳು ಸೆಕೆಂಡಿಗೆ 11ರಿಂದ 72 ಕಿ.ಮೀ. ವೇಗದಲ್ಲಿ ಬರುತ್ತವೆ, ಆಟ ಕೆಲವೇ ಸೆಕೆಂಡಿನದು. ಕಕ್ಷೆಯಿಂದ ಉರುಳುವ ರಾಕೆಟ್ ಚೂರಿನ ವೇಗ 8 ಕಿ.ಮೀ. ದಾಟುವುದಿಲ್ಲ. ಅಡ್ಡಡ್ಡಲಾಗಿ, ನಿಧಾನಕ್ಕೆ, ಚೂರುಗಳ ಸಾಲಾಗಿ ಒಂದು ನಿಮಿಷ ಅಥವಾ ಹೆಚ್ಚು ಹೊತ್ತು ಉರಿಯುತ್ತಾ ಹೋದರೆ ಅದು ಬಾಹ್ಯಾಕಾಶದ ಕಸ. 2022ರ ಏಪ್ರಿಲ್ 2ರ ರಾತ್ರಿ ಮಹಾರಾಷ್ಟ್ರದವರು ಕಂಡದ್ದು ಇಂಥದ್ದೇ, ಚೀನಾದ ರಾಕೆಟ್‌ನದು. ಲೋಹದ ದೊಡ್ಡ ಬಳೆಯೊಂದು ಚಂದ್ರಪುರ ಜಿಲ್ಲೆಯಲ್ಲಿ ಬಿತ್ತು. ಬೆಳಕೇ ಇಲ್ಲದೆ ಬರೀ ಸದ್ದು ಕೇಳಿದರೆ ಮೊದಲು ವಿಮಾನವನ್ನು ಶಂಕಿಸಿ. 2020ರ ಮೇ 20ರಂದು ಬೆಂಗಳೂರನ್ನು ನಡುಗಿಸಿದ ಸದ್ದು ವಾಯುಪಡೆಯ ವಿಮಾನದ ಪರೀಕ್ಷಾ ಹಾರಾಟದ್ದು ಎಂದು ರಕ್ಷಣಾ ಇಲಾಖೆಯೇ ತಿಳಿಸಿತ್ತು.

ಬರೆದಿಟ್ಟುಕೊಳ್ಳಬೇಕಾದದ್ದು

ಅಕ್ಕಪಕ್ಕದವರ ಜೊತೆ ಮಾತಾಡುವ ಮೊದಲೇ ಬರೆಯಿರಿ. ನಾಲ್ಕು ಜನ ಮಾತಾಡಿಕೊಂಡ ಮೇಲೆ ನಾಲ್ವರೂ ಕಂಡದ್ದು ಒಂದೇ ಆಗಿಬಿಡುತ್ತದೆ, ವಿಶ್ಲೇಷಕರಿಗೆ ಅದರಿಂದ ಉಪಯೋಗವಿಲ್ಲ. ಬೇಕಾದ ಅಂಶಗಳು: ಸಮಯ (ಭಾರತೀಯ ಕಾಲಮಾನದಿಂದ ಐದೂವರೆ ಗಂಟೆ ಕಳೆದರೆ ಯುಟಿಸಿ, ಎಂದರೆ ಜಾಗತಿಕ ಪ್ರಮಾಣ ಸಮಯ), ನೀವು ನಿಂತ ಜಾಗದ ಅಕ್ಷಾಂಶ ರೇಖಾಂಶ, ಬೆಂಕಿ ಕಾಣಿಸಿಕೊಂಡ ಮತ್ತು ಆರಿದ ದಿಕ್ಕುಗಳು, ಆ ಎರಡೂ ಬಿಂದುಗಳ ಎತ್ತರ ಡಿಗ್ರಿಯಲ್ಲಿ, ಎಷ್ಟು ಸೆಕೆಂಡು ಕಂಡಿತು, ಸದ್ದು ಎಷ್ಟು ಸೆಕೆಂಡಿನ ಮೇಲೆ ಬಂತು, ಒಡೆಯಿತೇ, ಹೊಗೆಯ ಗೆರೆ ಎಷ್ಟು ಹೊತ್ತು ಉಳಿಯಿತು.

ದಿಕ್ಕಿಗೆ ಫೋನಿನ ದಿಕ್ಸೂಚಿ ಸಾಕು: ಉತ್ತರ 0, ಪೂರ್ವ 90, ದಕ್ಷಿಣ 180, ಪಶ್ಚಿಮ 270. ಬೈಕಿನ ಟ್ಯಾಂಕ್, ಕಬ್ಬಿಣದ ಗ್ರಿಲ್, ಅಯಸ್ಕಾಂತವಿರುವ ಫೋನ್ ಕವರು ಹತ್ತಿರವಿದ್ದರೆ ಮುಳ್ಳು ಇಪ್ಪತ್ತು ಮೂವತ್ತು ಡಿಗ್ರಿ ತಪ್ಪಬಹುದು. ಕವರು ತೆಗೆದು, ಬಯಲಲ್ಲಿ ನಿಂತು ಅಳೆಯಿರಿ. ಎತ್ತರಕ್ಕೆ ಕೈಯೇ ಅಳತೆಗೋಲು. ಕೈಯನ್ನು ಪೂರ್ತಿ ಚಾಚಿದಾಗ ಮುಷ್ಟಿಯ ಅಗಲ 10 ಡಿಗ್ರಿ, ಹೆಬ್ಬೆರಳಿನದು 2, ಬೆರಳಗಲಿಸಿದ ಗೇಣು ಸುಮಾರು 20. ದಿಗಂತದಿಂದ ಮುಷ್ಟಿಯ ಮೇಲೆ ಮುಷ್ಟಿ ಇಟ್ಟು ಎಣಿಸಿ. ಹೀಗೆ ಅಳೆಯದೆ ಅಂದಾಜಿಗೆ ಹೇಳಿದವರೆಲ್ಲ ಎತ್ತರವನ್ನು ಹೆಚ್ಚಿಸಿಯೇ ಹೇಳುತ್ತಾರೆ. ‘ನೆತ್ತಿಯ ಮೇಲೆ’ ಎಂದದ್ದು ಎಷ್ಟೋ ಸಲ 60 ಡಿಗ್ರಿಯೂ ಇರುವುದಿಲ್ಲ.

‘ಆ ತೆಂಗಿನ ತೋಟದ ಹಿಂದೆಯೇ ಬಿತ್ತು’ ಎಂಬುದೂ ಹಾಗೆಯೇ. ಬೆಂಕಿ ಸಾಮಾನ್ಯವಾಗಿ ನೆಲದಿಂದ ಹತ್ತಾರು ಕಿ.ಮೀ. ಮೇಲೆಯೇ ಆರಿಹೋಗುತ್ತದೆ. ದಿಗಂತದಿಂದ ಒಂದು ಮುಷ್ಟಿ ಎತ್ತರದಲ್ಲಿ ಆರಿದ ಉಂಡೆ 30 ಕಿ.ಮೀ. ಮೇಲಿತ್ತೆಂದರೆ ಅದು ನಿಮ್ಮಿಂದ 150 ಕಿ.ಮೀ.ಗೂ ಆಚೆ.

ಇದನ್ನೆಲ್ಲ ಅಂತರರಾಷ್ಟ್ರೀಯ ಉಲ್ಕಾ ಸಂಘಟನೆಯ (ಐಎಂಒ) ಜಾಲತಾಣದ ಬೆಂಕಿಯುಂಡೆ ನಮೂನೆಯಲ್ಲಿ ತುಂಬಿ. ಒಂದೇ ಊರಿನ ಹತ್ತು ವರದಿಗಿಂತ ತುಮಕೂರಿನಿಂದ ಒಂದು, ಹಾಸನದಿಂದ ಒಂದು ಬಂದರೆ ಹಾದಿ ಗೆರೆ ಎಳೆದಂತೆ ಸಿಗುತ್ತದೆ. ಬೇರೆ ಊರಿನ ನೆಂಟರಿಗೆ ಫೋನ್ ಮಾಡಿ ಬರೆಸುವುದು ಆ ದಿನದ ಒಳ್ಳೆಯ ಕೆಲಸ.

ಸಿಸಿಟಿವಿ ಮತ್ತು ಡ್ಯಾಶ್‌ಕ್ಯಾಮ್

ಚೆಲ್ಯಾಬಿನ್ಸ್ಕ್ ಕಲ್ಲಿನ ಕಕ್ಷೆಯನ್ನು ಲೆಕ್ಕಹಾಕಿದ್ದು ಬಹುಮಟ್ಟಿಗೆ ಕಾರುಗಳ ಮತ್ತು ಬೀದಿಯ ಕ್ಯಾಮೆರಾಗಳಿಂದ. ಉಲ್ಕೆಯೇ ಚೌಕಟ್ಟಿನಲ್ಲಿ ಇರಬೇಕೆಂದಿಲ್ಲ. ಕಂಬದ ನೆರಳು ನೆಲದ ಮೇಲೆ ತಿರುಗಿದ್ದು ಸಿಕ್ಕರೂ ದಿಕ್ಕು, ಎತ್ತರ ಎರಡನ್ನೂ ತೆಗೆಯಬಹುದು.

ಮೊದಲ ಕೆಲಸ ಉಳಿಸುವುದು. ಹಾರ್ಡ್ ಡಿಸ್ಕ್ ತುಂಬಿದೊಡನೆ ಡಿವಿಆರ್ (ಸಿಸಿಟಿವಿ ದೃಶ್ಯ ದಾಖಲಿಸುವ ಪೆಟ್ಟಿಗೆ) ಹಳೆಯದರ ಮೇಲೆ ಹೊಸದನ್ನು ಬರೆಯುತ್ತದೆ, ಕೆಲವು ಅಂಗಡಿಗಳಲ್ಲಿ ವಾರದೊಳಗೇ. ಅಂದೇ ಪೆನ್‌ಡ್ರೈವ್‌ಗೆ ಮೂಲ ಕಡತವನ್ನು ತೆಗೆಯಿರಿ, ಘಟನೆಗೆ ಐದು ನಿಮಿಷ ಮುಂಚಿನಿಂದ ಹತ್ತು ನಿಮಿಷ ಆಮೇಲಿನವರೆಗೆ. ಧ್ವನಿಯೂ ದಾಖಲಾಗಿದ್ದರೆ ಸದ್ದಿನ ಹೊತ್ತು ಅದರಲ್ಲೇ ಸಿಗುತ್ತದೆ. ಪರದೆಯನ್ನು ಫೋನಿನಿಂದ ಚಿತ್ರಿಸಿ ವಾಟ್ಸ್‌ಆ್ಯಪ್‌ನಲ್ಲಿ ಕಳಿಸಿದ ವಿಡಿಯೊ ಸ್ಟೇಟಸ್‌ಗೆ ಆದೀತು, ಲೆಕ್ಕಕ್ಕೆ ಆಗದು: ವಿವರ ಕುಗ್ಗಿರುತ್ತದೆ, ಮೂಲ ಸಮಯದ ಮಾಹಿತಿಯೂ ಅಳಿದಿರುತ್ತದೆ.

ಎರಡನೆಯದು ಗಡಿಯಾರ. ಡಿವಿಆರ್ ಗಡಿಯಾರ ಕೆಲವು ನಿಮಿಷ ಹಿಂದೆ ಮುಂದೆ ಓಡುತ್ತಿರುವುದು ಮಾಮೂಲು. ಸರಿಪಡಿಸಲು ಹೋಗಬೇಡಿ. ಸೆಕೆಂಡು ತೋರಿಸುವ ಫೋನನ್ನು ಪರದೆಯ ಪಕ್ಕ ಹಿಡಿದು ಎರಡೂ ಕಾಣುವಂತೆ ಒಂದು ಫೋಟೊ ತೆಗೆದಿಡಿ, ವ್ಯತ್ಯಾಸ ದಾಖಲಾಗುತ್ತದೆ.

ಮೂರನೆಯದನ್ನು ಎಲ್ಲರೂ ಮರೆಯುತ್ತಾರೆ. ಕ್ಯಾಮೆರಾವನ್ನು ಒರೆಸುವುದು, ತಿರುಗಿಸುವುದು ಏನೂ ಬೇಡ. ಮೋಡವಿಲ್ಲದ ರಾತ್ರಿ ಅದೇ ಕೋನದಲ್ಲಿ ಚಂದ್ರನೋ ಹೊಳೆಯುವ ನಕ್ಷತ್ರಗಳೋ ಸಿಗುವಂತೆ ದಾಖಲಿಸಿ. ನಕ್ಷತ್ರದ ಸ್ಥಾನ ನಿಖರವಾಗಿ ಗೊತ್ತಿರುವುದರಿಂದ ಚೌಕಟ್ಟಿನ ಪ್ರತಿ ಬಿಂದುವಿಗೂ ಡಿಗ್ರಿ ಹಚ್ಚಬಹುದು. ಕಾರಿನ ಡ್ಯಾಶ್‌ಕ್ಯಾಮ್ ಆಗಿದ್ದರೆ ಕಾರು ಇದ್ದ ಜಾಗಕ್ಕೇ ಹೋಗಿ, ಹಿನ್ನೆಲೆಯ ಕಂಬ, ಕಟ್ಟಡಗಳು ಚೌಕಟ್ಟಿನಲ್ಲಿ ಮೊದಲಿನಂತೆಯೇ ಕೂರುವ ಹಾಗೆ ನಿಲ್ಲಿಸಬೇಕು.

ಕಲ್ಲು ಸಿಕ್ಕಿತೆಂದರೆ

ಹೊಸದಾಗಿ ಬಿದ್ದ ಉಲ್ಕಾಶಿಲೆ ಕೆಂಡವಾಗಿರುವುದಿಲ್ಲ. ಕೊನೆಯ ಹಲವು ಕಿ.ಮೀ. ಬೆಂಕಿಯಿಲ್ಲದೆ, ತಣ್ಣನೆಯ ಗಾಳಿಯಲ್ಲಿ ಬೀಳುತ್ತದೆ. ಹುಲ್ಲು ಸುಟ್ಟಿದೆ ಎಂದರೆ ಬೇರೆ ಕಾರಣ ಹುಡುಕಿ. ನೋಡಬೇಕಾದದ್ದು ಮೇಲಿನ ತೆಳ್ಳನೆಯ ಕಪ್ಪು ಪದರ, ಒಂದು ಮಿ.ಮೀ.ಗಿಂತಲೂ ಕಡಿಮೆ ದಪ್ಪ, ಒಡೆದ ಕಡೆ ಒಳಗೆ ಹೆಚ್ಚಾಗಿ ಬೂದು ಬಣ್ಣ. ಮೈತುಂಬ ಗುಳ್ಳೆ ತೂತುಗಳಿದ್ದರೆ ಅದು ಕುಲುಮೆಯ ಕಿಟ್ಟವೋ ಜಂಬಿಟ್ಟಿಗೆಯೋ. ಬಳ್ಳಾರಿ, ಸಂಡೂರು ಕಡೆಯ ತೂಕದ ಕಲ್ಲಾದರೆ ಟೈಲ್ಸ್‌ನ ಹಿಂಬದಿಗೆ ಉಜ್ಜಿ. ಕೆಂಪು ಗೆರೆ ಬಂದರೆ ಅದು ಕಬ್ಬಿಣದ ಅದಿರು.

ಅನುಮಾನ ಗಟ್ಟಿಯಾಗಿದ್ದರೆ ತೊಳೆಯಬೇಡಿ, ಅಯಸ್ಕಾಂತ ಹಚ್ಚಬೇಡಿ. 2017ರ ಜೂನ್ 6ರಂದು ಜೈಪುರದ ಹತ್ತಿರದ ಮುಕುಂದಪುರದಲ್ಲಿ ಬಿದ್ದಂಥ ಇಂಗಾಲಯುಕ್ತ ಕಲ್ಲನ್ನು ನೀರು ಕೆಡಿಸುತ್ತದೆ, ಅಯಸ್ಕಾಂತ ಕಲ್ಲಿನೊಳಗಿನ ಪುರಾತನ ಕಾಂತತ್ವದ ಗುರುತನ್ನೇ ಅಳಿಸುತ್ತದೆ. ಎತ್ತುವ ಮೊದಲು ಪಕ್ಕದಲ್ಲಿ ನಾಣ್ಯವಿಟ್ಟು ಫೋಟೊ, ಸ್ಥಳದ ಅಕ್ಷಾಂಶ ರೇಖಾಂಶ. ಆಮೇಲೆ ಕೈಗವಸು, ಹೊಸ ಅಲ್ಯೂಮಿನಿಯಂ ಹಾಳೆ. ಭಾರತದಲ್ಲಿ ಇವುಗಳನ್ನು ಕಾಪಿಡುವ ಹೊಣೆ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆಯದು, ಬೆಂಗಳೂರಿನಲ್ಲೂ ಅದರ ಕಚೇರಿ ಇದೆ. ನಮ್ಮ ನೆಲಕ್ಕೆ ಇದು ಹೊಸದಲ್ಲ: 1865ರಲ್ಲಿ ಮದ್ದೂರಿನಲ್ಲಿ, 1866ರಲ್ಲಿ ಉಡುಪಿಯಲ್ಲಿ ಬಿದ್ದ ಕಲ್ಲುಗಳು ಜಾಗತಿಕ ಪಟ್ಟಿಯಲ್ಲಿವೆ.

‘ಭೂಮಿಯತ್ತ ನುಗ್ಗುತ್ತಿದೆ’ ಎಂಬ ಸುದ್ದಿ ಬಂದಾಗ

ಸುದ್ದಿಯಲ್ಲಿ ಕ್ಷುದ್ರಗ್ರಹದ ಹೆಸರನ್ನು ಹುಡುಕಿ, ವರ್ಷ ಮತ್ತು ಅಕ್ಷರಗಳು ಇರುತ್ತವೆ. ಹೆಸರೇ ಇಲ್ಲದಿದ್ದರೆ ಓದುವುದನ್ನು ನಿಲ್ಲಿಸಬಹುದು. ಇದ್ದರೆ ನಾಸಾದ ಸೆಂಟ್ರಿ ಪಟ್ಟಿಯಲ್ಲೋ ಐರೋಪ್ಯ ಬಾಹ್ಯಾಕಾಶ ಸಂಸ್ಥೆಯ ಅಪಾಯ ಪಟ್ಟಿಯಲ್ಲೋ ನೋಡಿ. ಅಲ್ಲಿ ಟೊರಿನೊ ಅಂಕ (ಬಡಿಯುವ ಅಪಾಯಕ್ಕೆ 0ರಿಂದ 10ರವರೆಗೆ ಕೊಡುವ ಅಂಕ) 0 ಎಂದಿದ್ದರೆ ತಲೆಕೆಡಿಸಿಕೊಳ್ಳುವ ಕಾರಣವಿಲ್ಲ. ‘ಅಪಾಯಕಾರಿ ವರ್ಗ’ ಎಂಬ ಮಾತಿಗೂ ಹೆದರಬೇಡಿ. ಸುಮಾರು 140 ಮೀಟರ್‌ಗಿಂತ ದೊಡ್ಡದಾಗಿದ್ದು, ಅದರ ಕಕ್ಷೆ ಭೂಕಕ್ಷೆಗೆ 75 ಲಕ್ಷ ಕಿ.ಮೀ. ಒಳಗೆ ಬಂದರೆ ಆ ಹಣೆಪಟ್ಟಿ ಬೀಳುತ್ತದೆ. ಚಂದ್ರನ ದೂರ ನಾಲ್ಕು ಲಕ್ಷವೂ ಇಲ್ಲ ಎಂಬುದನ್ನು ನೆನಪಿಡಿ.

ಸಂಭಾವ್ಯತೆ ಏರುತ್ತಿದೆ ಎಂದರೂ ಗಾಬರಿ ಬೇಡ. 2024 ವೈಆರ್4 ಎಂಬ ಕ್ಷುದ್ರಗ್ರಹ ಪತ್ತೆಯಾದದ್ದು 2024ರ ಡಿಸೆಂಬರ್ 27ರಂದು. 2032ರ ಡಿಸೆಂಬರ್ 22ರಂದು ಅದು ಭೂಮಿಗೆ ಬಡಿಯುವ ಸಂಭಾವ್ಯತೆ 2025ರ ಫೆಬ್ರವರಿ 18ರಂದು 3.1 ಶೇಕಡಕ್ಕೆ ಏರಿತು, ಟೊರಿನೊ ಅಂಕ 3. ಒಂದೇ ವಾರದಲ್ಲಿ ಸೊನ್ನೆಯ ಹತ್ತಿರಕ್ಕೆ ಇಳಿಯಿತು. ಅವಲೋಕನ ಹೆಚ್ಚಿದಂತೆ ಕಲ್ಲು ಹಾಯಬಹುದಾದ ಜಾಗದ ಹರವು ಕಿರಿದಾಗುತ್ತದೆ. ಭೂಮಿ ಇನ್ನೂ ಆ ಹರವಿನೊಳಗೇ ಇರುವವರೆಗೆ ಅದರ ಪಾಲು ದೊಡ್ಡದಾಗಿ ಕಾಣುತ್ತದೆ. ಹರವು ಭೂಮಿಯಿಂದ ಆಚೆ ಸರಿದ ದಿನ ಅಂಕಿ ಕುಸಿಯುತ್ತದೆ.

ಶಕ್ತಿಯನ್ನು ನೀವೇ ಅಂದಾಜಿಸಬಹುದು. 20 ಮೀಟರ್, ಸೆಕೆಂಡಿಗೆ 19 ಕಿ.ಮೀ. ಎಂದರೆ ಸುಮಾರು 500 ಕಿಲೊಟನ್ ಟಿಎನ್‌ಟಿ. ಅಡ್ಡಳತೆ ಎರಡರಷ್ಟಾದರೆ ಶಕ್ತಿ ಎಂಟರಷ್ಟು, ವೇಗ ಎರಡರಷ್ಟಾದರೆ ನಾಲ್ಕರಷ್ಟು. ಸುದ್ದಿಗಳಲ್ಲಿ ಬರುವ ಅಡ್ಡಳತೆ ಬರೀ ಹೊಳಪಿನಿಂದ ಊಹಿಸಿದ್ದಾದರೆ ಎರಡರಷ್ಟು ವ್ಯತ್ಯಾಸ ಸಹಜ, ಆದ್ದರಿಂದ ಶಕ್ತಿಯ ಅಂಕಿಯನ್ನು ಎಂಟು ಪಟ್ಟು ಸಡಿಲವಾಗಿಯೇ ಓದಿ.

ಸೆಂಟ್ರಿಯಂಥ ಅಪಾಯ ಪಟ್ಟಿಗಳಿಗೂ ಮಿತಿ ಇದೆ. ಒಂದು ಕಿ.ಮೀ. ಮೀರಿದವುಗಳಲ್ಲಿ ಶೇಕಡ 90ಕ್ಕಿಂತ ಹೆಚ್ಚು ಪತ್ತೆಯಾಗಿವೆ, 20 ಮೀಟರ್‌ನವು ಬಹುಪಾಲು ಪತ್ತೆಯಾಗಿಲ್ಲ. ಚೆಲ್ಯಾಬಿನ್ಸ್ಕ್‌ನದು ಸೂರ್ಯನ ಕಡೆಯಿಂದ ಬಂದದ್ದರಿಂದ ನೆಲದ ಯಾವ ದೂರದರ್ಶಕಕ್ಕೂ ಮೊದಲೇ ಕಾಣಲಿಲ್ಲ. ರಾತ್ರಿಯ ಕಡೆಯಿಂದ ಬಂದವು ಕೆಲವು ಸಿಕ್ಕಿವೆ: 2008ರ ಅಕ್ಟೋಬರ್ 7ರಂದು ಸುಡಾನಿನ ಮೇಲೆ ಸಿಡಿದ 2008 ಟಿಸಿ3 ಸುಮಾರು 20 ಗಂಟೆ ಮೊದಲು ಕಂಡಿತ್ತು. ಆಕಾಶದಲ್ಲಿ ಕಂಡ ಕಲ್ಲೊಂದು ಎಲ್ಲಿ, ಯಾವಾಗ ಬಡಿಯುತ್ತದೆಂದು ಮುಂಚಿತವಾಗಿ ಹೇಳಲು ಸಾಧ್ಯವಾದದ್ದು ಅದೇ ಮೊದಲು.