ಹೊರದೇಶದ ರಾತ್ರಿಗಳು: ಹೊಸದಾಗಿ ಬಂದ ಕನ್ನಡಿಗರಿಗೆ

ಬಂದ ಹೊಸತರಲ್ಲಿ ಹಗಲು ಹೇಗೋ ಕಳೆದುಹೋಗುತ್ತದೆ. ಕಷ್ಟವಾಗುವುದು ರಾತ್ರಿ. ಬೀಗ ತೆಗೆದು ಒಳಗೆ ಬಂದರೆ ಬೆಳಿಗ್ಗೆ ಕುಡಿದಿಟ್ಟ ಲೋಟ ಇಟ್ಟಲ್ಲೇ ಇರುತ್ತದೆ. ಗೋಡೆಯಾಚೆ ಪಕ್ಕದ ಮನೆಯವರ ನಗು ಕೇಳಿಸುತ್ತದೆ, ಅವರ ಹೆಸರೂ ನಿಮಗೆ ಗೊತ್ತಿರುವುದಿಲ್ಲ. ಇದನ್ನು ನಿಮ್ಮ ಕೊರತೆ ಎಂದುಕೊಳ್ಳಬೇಡಿ. ಬ್ರಿಟನ್ 2018ರಲ್ಲಿ, ಜಪಾನ್ 2021ರಲ್ಲಿ ಒಂಟಿತನದ ಹೊಣೆಯನ್ನು ಮಂತ್ರಿಯೊಬ್ಬರಿಗೇ ವಹಿಸಿದವು.

ಮೊದಲು ಗಡಿಯಾರದ ವಿಷಯ. ಲಂಡನ್ನಿನಲ್ಲಿ ಚಳಿಗಾಲದ ರಾತ್ರಿ 10 ಗಂಟೆಯೆಂದರೆ ಭಾರತದಲ್ಲಿ ಬೆಳಗಿನ ಜಾವ 3.30, ಅಮ್ಮ ಗಾಢ ನಿದ್ದೆಯಲ್ಲಿರುತ್ತಾರೆ. ನ್ಯೂಯಾರ್ಕಿನಲ್ಲಿ ಚಳಿಗಾಲದ ರಾತ್ರಿ 10 ಆದಾಗ ಭಾರತದಲ್ಲಿ ಬೆಳಿಗ್ಗೆ 8.30, ಎಲ್ಲರಿಗೂ ಹೊರಡುವ ಗಡಿಬಿಡಿ. ಫೋನ್ ಎತ್ತಲಿಲ್ಲವೆಂದರೆ ನಿಮ್ಮನ್ನು ಮರೆತರು ಎಂದಲ್ಲ. ವಾರದಲ್ಲಿ ಇಬ್ಬರಿಗೂ ಬಿಡುವಿರುವ ಹೊತ್ತು ಗೊತ್ತುಮಾಡಿಕೊಳ್ಳಿ. ಉಳಿದ ರಾತ್ರಿಗಳಿಗೆ ನೀವಿರುವ ಊರಿನ ಜನವೇ ಬೇಕು. ಹೊಸಬರಿಗೆಲ್ಲ ನಾನು ಒತ್ತಿ ಹೇಳುವುದು ಇದನ್ನೇ.

ಸ್ನೇಹ ಬೇಗ ಆಗಲಿಲ್ಲವೆಂದು ಎದೆಗುಂದಬೇಡಿ. ಕನ್ಸಾಸ್ ವಿಶ್ವವಿದ್ಯಾಲಯದ ಜೆಫ್ರಿ ಹಾಲ್ ಅವರು ಆಗಷ್ಟೇ ಊರು ಬದಲಿಸಿದವರನ್ನು ವಿಚಾರಿಸಿ 2018ರಲ್ಲಿ ಒಂದು ಲೆಕ್ಕ ಕೊಟ್ಟರು: ಪರಿಚಯ ಸಾಧಾರಣ ಸ್ನೇಹವಾಗಲು ಸುಮಾರು 50 ಗಂಟೆಗಳ ಒಡನಾಟ ಬೇಕು, ಆಪ್ತ ಸ್ನೇಹಕ್ಕೆ 200 ಗಂಟೆಗೂ ಹೆಚ್ಚು. ಆಫೀಸಿನಲ್ಲಿ ಜೊತೆಗೆ ದುಡಿದ ಹೊತ್ತು ಇದರಲ್ಲಿ ಅಷ್ಟಾಗಿ ಲೆಕ್ಕಕ್ಕೆ ಬರುವುದಿಲ್ಲ. ಹಾಗಾಗಿ ದಿನಕ್ಕೊಂದು ಹೊಸ ಗುಂಪಿಗೆ ಓಡಬೇಡಿ. ಒಂದೇ ಕಡೆಗೆ, ಪ್ರತಿ ವಾರ ಅದೇ ಸಂಜೆ ಹೋಗಿ. ಬ್ಯಾಡ್ಮಿಂಟನ್ ಆಗಲಿ, ಭಾಷಾ ತರಗತಿಯಾಗಲಿ, ಮುಖಗಳು ಅವೇ ಇರಬೇಕು.

ಊರಿನಲ್ಲಿ ಕನ್ನಡ ಸಂಘವಿದ್ದರೆ ಬರೀ ಕಾರ್ಯಕ್ರಮ ನೋಡಿ ಎದ್ದು ಬರಬೇಡಿ. ಕುರ್ಚಿ ಜೋಡಿಸಲು, ನಾಟಕದ ತಾಲೀಮಿಗೆ ಹೆಸರು ಕೊಡಿ. ಪ್ರೇಕ್ಷಕರ ಸಾಲಿನಲ್ಲಿ ಒಬ್ಬರು ಕಡಿಮೆಯಾದರೆ ಯಾರಿಗೂ ತಿಳಿಯುವುದಿಲ್ಲ. ತಾಲೀಮಿಗೆ ಒಂದು ದಿನ ತಪ್ಪಿಸಿ ನೋಡಿ, “ಯಾಕ್ರೀ ಬರ್ಲಿಲ್ಲ, ಹುಷಾರಾಗಿದ್ದೀರಾ?” ಎಂದು ಯಾರಾದರೂ ಫೋನ್ ಮಾಡಿಯೇ ಮಾಡುತ್ತಾರೆ. ಮಾತು ಕಡಿಮೆ ಇರುವವರಿಗಂತೂ ಇದೇ ಸುಲಭದ ದಾರಿ, ಕೈಯಲ್ಲಿ ಕೆಲಸವಿದ್ದರೆ ಮಾತು ತಾನಾಗಿ ಹೊರಡುತ್ತದೆ.

ನಡುರಾತ್ರಿ ಮನಸ್ಸು ತೀರಾ ಕುಸಿದರೆ ಬೆಳಗಾಗಲೆಂದು ಕಾಯಬೇಡಿ. ಬ್ರಿಟನ್ನಿನಲ್ಲಿ 116 123, ಅಮೆರಿಕದಲ್ಲಿ 988, ಆಸ್ಟ್ರೇಲಿಯಾದಲ್ಲಿ 13 11 14, ಈ ಮೂರು ಸಹಾಯವಾಣಿಗಳೂ ದಿನದ 24 ಗಂಟೆ ತೆರೆದಿರುತ್ತವೆ. ಇವತ್ತೇ ಫೋನಿನಲ್ಲಿ ಉಳಿಸಿಕೊಳ್ಳಿ. ಸಾಯುವ ಯೋಚನೆ ಬಂದವರು ಮಾತ್ರ ಕರೆ ಮಾಡಬೇಕೆಂದಿಲ್ಲ, ಒಬ್ಬರೇ ಇದ್ದೀರಿ, ನಿದ್ದೆ ಬರುತ್ತಿಲ್ಲ ಎಂದರೂ ಅವರು ಕೇಳಿಸಿಕೊಳ್ಳುತ್ತಾರೆ.