ಮಾನ್ಯತೆ ಇಲ್ಲದ ದೂರಶಿಕ್ಷಣ ಕೋರ್ಸಿಗೆ ಸೇರಿಬಿಟ್ಟಿದ್ದರೆ ಏನು ಮಾಡಬೇಕು

ನನ್ನ ತಂಗಿ ಬಾಗಲಕೋಟೆಯ ನವನಗರದ ಒಂದು ಸ್ಟಡಿ ಸೆಂಟರ್ ಮೂಲಕ ಎಂ.ಎ.ಗೆ ಸೇರಿದ್ದಳು. ಎರಡು ವರ್ಷ ಓದಿದಳು, ಪರೀಕ್ಷೆ ಬರೆದಳು, ಮಾರ್ಕ್ಸ್ ಕಾರ್ಡೂ ಬಂತು. ಆಮೇಲೆ ಕೆಲಸಕ್ಕೆ ಹಾಕಿದಾಗ ದಾಖಲೆ ನೋಡಿದವರು ಕೇಳಿದ್ದು ಒಂದೇ ಮಾತು: ನೀವು ಸೇರಿದ ವರ್ಷ ಈ ಕೋರ್ಸಿಗೆ ಯುಜಿಸಿ (ವಿಶ್ವವಿದ್ಯಾಲಯ ಅನುದಾನ ಆಯೋಗ) ಒಪ್ಪಿಗೆ ಇತ್ತಾ? ಇರಲಿಲ್ಲ. ಆ ದಿನದಿಂದ ನಾವು ಓಡಾಡಿ ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ, ಇನ್ನೊಬ್ಬರ ಮನೆಯಲ್ಲಿ ಅದೇ ಅಳು ಬೇಡ.

ಮೊದಲು ಒಂದು ವಿಷಯ ತಲೆಯಲ್ಲಿಟ್ಟುಕೊಳ್ಳಿ. ವಿಶ್ವವಿದ್ಯಾಲಯ ಅಸಲಿ ಇದ್ದರೆ ಮಾತ್ರ ಸಾಲದು. ಆ ಕೋರ್ಸಿಗೆ, ದೂರಶಿಕ್ಷಣದಲ್ಲಿ, ನೀವು ಸೇರಿದ ವರ್ಷಕ್ಕೆ ಒಪ್ಪಿಗೆ ಇರಬೇಕು. ಕೆಎಸ್‌ಒಯು (ಕರ್ನಾಟಕ ರಾಜ್ಯ ಮುಕ್ತ ವಿಶ್ವವಿದ್ಯಾಲಯ) ಉದಾಹರಣೆ ನಮ್ಮ ಕಡೆ ಎಲ್ಲರಿಗೂ ಗೊತ್ತು, ಅದು ಸರ್ಕಾರಿ ವಿಶ್ವವಿದ್ಯಾಲಯವೇ. ಆದರೂ 2012-13ರ ನಂತರ ಅದಕ್ಕೆ ಮಾನ್ಯತೆ ಇಲ್ಲ ಅಂತ ಯುಜಿಸಿ 2015ರಲ್ಲಿ ಪ್ರಕಟಣೆ ಹೊರಡಿಸಿತು, ಮತ್ತೆ ಮಾನ್ಯತೆ ಸಿಕ್ಕಿದ್ದು 2018ರಲ್ಲಿ. ನಡುವೆ ಸೇರಿದವರು ವರ್ಷಗಟ್ಟಲೆ ಕೋರ್ಟು, ಅರ್ಜಿ ಅಂತ ಅಲೆದರು. ಹಾಗಾಗಿ ನಿಮ್ಮ ಅಡ್ಮಿಷನ್ ಯಾವ ತಿಂಗಳು, ಯಾವ ವರ್ಷ ಅನ್ನೋದನ್ನು ಒಂದು ಹಾಳೆಯಲ್ಲಿ ಬರೆದಿಟ್ಟುಕೊಳ್ಳಿ. ಇಡೀ ಕೇಸು ನಿಲ್ಲೋದು ಅದರ ಮೇಲೆ.

ನಂತರ ಯುಜಿಸಿಯ ದೂರಶಿಕ್ಷಣ ಬ್ಯೂರೋ, ಅಂದರೆ ಡಿಇಬಿ ವೆಬ್‌ಸೈಟ್‌ಗೆ ಹೋಗಿ. ವರ್ಷವಾರು ಪಟ್ಟಿ ಅಲ್ಲಿದೆ. ನಿಮ್ಮ ಕೋರ್ಸಿನ ಹೆಸರು ಇದೆಯಾ ನೋಡಿ, ಇದ್ದರೂ ಇಲ್ಲದಿದ್ದರೂ ಆ ಪುಟದ ಪ್ರಿಂಟ್ ತೆಗೆದಿಡಿ. ಅನುಮಾನ ಇದ್ದರೆ ಹತ್ತು ರೂಪಾಯಿ ಕಟ್ಟಿ ಯುಜಿಸಿಗೆ ಆನ್‌ಲೈನ್‌ನಲ್ಲೇ ಮಾಹಿತಿ ಹಕ್ಕು ಅರ್ಜಿ ಹಾಕಿ, 30 ದಿನದೊಳಗೆ ಉತ್ತರ ಕೊಡಬೇಕು. ಸೆಂಟರಿನವರು ಬಾಯಲ್ಲಿ ಹೇಳೋ ‘ಅಪ್ರೂವಲ್ ಬರ್ತಾ ಇದೆ’ಗಿಂತ ಈ ಒಂದು ಕಾಗದ ಸಾವಿರ ಪಾಲು ಮೇಲು. ನಕಲಿ ವಿಶ್ವವಿದ್ಯಾಲಯಗಳ ಪಟ್ಟಿಯನ್ನೂ ನೋಡಿ. ನಮ್ಮ ಬೆಳಗಾವಿ ಜಿಲ್ಲೆಯ ಗೋಕಾಕ ವಿಳಾಸದ ಒಂದು ಹೆಸರು ಆ ಪಟ್ಟಿಯಲ್ಲಿ ಎಷ್ಟೋ ವರ್ಷ ಇತ್ತು. ಇಂಜಿನಿಯರಿಂಗ್, ನರ್ಸಿಂಗ್, ಫಾರ್ಮಸಿ, ಕಾನೂನು, ಇವನ್ನು ದೂರಶಿಕ್ಷಣದಲ್ಲಿ ಕೊಡ್ತೀವಿ ಅಂದರೆ ಪಟ್ಟಿ ನೋಡೋದೇ ಬೇಡ, ಎದ್ದು ಬನ್ನಿ.

ಈಗ ದಾಖಲೆ. ಇಲ್ಲೇ ಜಾಸ್ತಿ ಜನ ಸೋಲುತ್ತಾರೆ. ತಂಗಿಯ ರಸೀದಿಯನ್ನು ವಕೀಲರು ದೀಪದ ಕೆಳಗೆ ಹಿಡಿದು ತೋರಿಸಿದಾಗಲೇ ನಮಗೆ ಕಂಡಿದ್ದು. ತೆಳು ಗುಲಾಬಿ ಕಾರ್ಬನ್ ಪ್ರತಿ, ಮೇಲೆ ಸೆಂಟರ್ ಹೆಸರು, ವಿಶ್ವವಿದ್ಯಾಲಯದ ಹೆಸರು ಎಲ್ಲೂ ಇಲ್ಲ. ಫೀ ಅಂತ ಇರಬೇಕಾದ ಕಡೆ ಪೆನ್ನಿನಲ್ಲಿ ‘ಗೈಡೆನ್ಸ್ ಚಾರ್ಜ್’ ಅಂತ ಗೀಚಿದ್ದರು. ನಾಳೆ ‘ನಾವು ಟ್ಯೂಷನ್ ಹೇಳಿದ್ದಷ್ಟೇ’ ಅನ್ನೋಕೆ ಅದೊಂದು ಸಾಕು. ನಮ್ಮನ್ನು ಉಳಿಸಿದ್ದು ಬ್ಯಾಂಕ್ ಸ್ಟೇಟ್‌ಮೆಂಟ್ ಮತ್ತು ವಾಟ್ಸಾಪ್‌ನಲ್ಲಿ ಅವರೇ ಕಳಿಸಿದ್ದ ‘ಯುಜಿಸಿ ಅಪ್ರೂವ್ಡ್’ ಅನ್ನೋ ಪೋಸ್ಟರ್. ಆದ್ದರಿಂದ ಪಾಂಪ್ಲೆಟ್, ಮೆಸೇಜು, ಹಾಲ್ ಟಿಕೆಟ್, ಐಡಿ ಕಾರ್ಡ್, ಏನನ್ನೂ ಎಸೆಯಬೇಡಿ, ಹಳೇ ಫೋನನ್ನಂತೂ ಮಾರಲೇಬೇಡಿ. ಮೆಸೇಜುಗಳನ್ನು ಕೋರ್ಟಿಗೆ ಕೊಡುವಾಗ ಜೊತೆಗೆ ಒಂದು ಪ್ರಮಾಣಪತ್ರ ಬೇಕಾಗುತ್ತದೆ, ವಕೀಲರಿಗೆ ಮೊದಲೇ ನೆನಪಿಸಿ. ಮೂಲ ಮಾರ್ಕ್ಸ್ ಕಾರ್ಡನ್ನು ‘ಸರಿ ಮಾಡಿಸಿ ಕೊಡ್ತೀವಿ’ ಅಂತ ಕೇಳಿದರೆ ಕೊಡಬೇಡಿ, ಜೆರಾಕ್ಸ್ ಕೊಡಿ.

ಜಗಳ ಮಾಡೋಕೆ ಮುಂಚೆ ಬರವಣಿಗೆಯಲ್ಲಿ ಕೇಳಿ. ಸೆಂಟರಿಗೂ ವಿಶ್ವವಿದ್ಯಾಲಯದ ಕುಲಸಚಿವರಿಗೂ ಒಂದೇ ಪತ್ರ ಸ್ಪೀಡ್ ಪೋಸ್ಟ್ ಮಾಡಿ. ಒಪ್ಪಿಗೆಯ ಪ್ರತಿ ಕೊಡಿ, ಇಲ್ಲವೇ ಕಟ್ಟಿದ ಹಣ ವಾಪಸ್ ಕೊಡಿ, ಹದಿನೈದು ದಿನ ಗಡುವು, ಅಷ್ಟೇ ಬರೆದರೆ ಸಾಕು. ಸಿಟ್ಟಿನ ಮಾತು ಬೇಡ.

ಉತ್ತರ ಬರದಿದ್ದರೆ ದಾರಿ ಮೂರು. ಬರೀ ಹಣ ಮತ್ತು ಪರಿಹಾರ ಬೇಕಾದರೆ ಜಿಲ್ಲಾ ಗ್ರಾಹಕರ ಆಯೋಗ. ನೀವಿರುವ ಜಿಲ್ಲೆಯಲ್ಲೇ ಹಾಕಬಹುದು, ಕಟ್ಟಿದ ಮೊತ್ತ 5 ಲಕ್ಷದೊಳಗಿದ್ದರೆ ಶುಲ್ಕ ಇಲ್ಲ, ಆದರೆ ಎರಡು ವರ್ಷದೊಳಗೆ ಹಾಕಬೇಕು. ಎದುರು ಪಕ್ಷ ಖಂಡಿತ ಹೇಳುತ್ತದೆ, ಶಿಕ್ಷಣ ಅನ್ನೋದು ಸೇವೆ ಅಲ್ಲ ಅಂತ. 2010ರಲ್ಲಿ ಮಹರ್ಷಿ ದಯಾನಂದ ವಿಶ್ವವಿದ್ಯಾಲಯದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹಾಗೆ ಹೇಳಿದೆ, ನಿಜ. ಆದರೆ ಅದೇ ಕೋರ್ಟ್ 2009ರಲ್ಲಿ ಬಿಹಾರದ ಬುದ್ಧಿಸ್ಟ್ ಮಿಷನ್ ಡೆಂಟಲ್ ಕಾಲೇಜಿನ ಪ್ರಕರಣದಲ್ಲಿ, ಮಾನ್ಯತೆ ಇದೆ ಅಂತ ನಂಬಿಸಿ ಸೇರಿಸಿಕೊಂಡವರು ಹಣ ಹಿಂತಿರುಗಿಸಿ ಪರಿಹಾರ ಕೊಡಬೇಕು ಅನ್ನೋದನ್ನು ಎತ್ತಿ ಹಿಡಿದಿದೆ. ನಿಮ್ಮ ದೂರು ಎರಡನೆಯದರ ಹಾಗಿರಲಿ: ಪಾಠ ಸರಿ ಇರಲಿಲ್ಲ ಅಂತಲ್ಲ, ಸುಳ್ಳು ಹೇಳಿ ಹಣ ತಗೊಂಡರು ಅಂತ.

ಪದವಿಯನ್ನೇ ಒಪ್ಪಿಸಬೇಕು, ಅಥವಾ ವಿಶ್ವವಿದ್ಯಾಲಯ ಇಲ್ಲವೇ ಯುಜಿಸಿಯ ಆದೇಶವನ್ನು ಪ್ರಶ್ನಿಸಬೇಕು ಅಂದರೆ ಹೈಕೋರ್ಟಿಗೆ ರಿಟ್ (ಇಂಥ ಆದೇಶದ ವಿರುದ್ಧ ನೇರ ಹೈಕೋರ್ಟಿಗೇ ಹಾಕೋ ಅರ್ಜಿ). ಬೆಳಗಾವಿ, ಬಾಗಲಕೋಟೆಯವರು ಧಾರವಾಡ ಪೀಠಕ್ಕೆ ಹೋಗಬೇಕು, ವಿಜಯಪುರದವರು ಕಲಬುರಗಿ ಪೀಠಕ್ಕೆ. ಇದನ್ನು ಗೊಂದಲ ಮಾಡಿಕೊಂಡು ಬೆಂಗಳೂರಿಗೆ ಹೋಗಿ ಬಂದವರನ್ನು ನೋಡಿದ್ದೇನೆ. ವಿಶ್ವವಿದ್ಯಾಲಯ ಬೇರೆ ರಾಜ್ಯದ್ದಾದರೂ ಅಡ್ಮಿಷನ್, ಹಣ, ಪರೀಕ್ಷೆ ಎಲ್ಲ ಇಲ್ಲೇ ಆಗಿದ್ದರೆ ಕೇಸಿನ ಕಾರಣ ಇಲ್ಲೂ ಹುಟ್ಟಿದೆ ಅಂತ ವಾದಿಸಬಹುದು. ಆದರೆ ಪದವಿ ಉಳಿಯುತ್ತದೆ ಅಂತ ಯಾರಾದರೂ ಗ್ಯಾರಂಟಿ ಕೊಟ್ಟರೆ ನಂಬಬೇಡಿ. 2017ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ನಾಲ್ಕು ಡೀಮ್ಡ್ ವಿಶ್ವವಿದ್ಯಾಲಯಗಳು (ವಿಶ್ವವಿದ್ಯಾಲಯದ ದರ್ಜೆ ಪಡೆದ ಸಂಸ್ಥೆಗಳು) ದೂರಶಿಕ್ಷಣದಲ್ಲಿ ಕೊಟ್ಟ ಇಂಜಿನಿಯರಿಂಗ್ ಪದವಿಗಳ ವಿಚಾರದಲ್ಲಿ, 2001ರಿಂದ 2005ರ ನಡುವೆ ಸೇರಿದವರಿಗೆ ಪರೀಕ್ಷೆ ಬರೆದು ಉಳಿಸಿಕೊಳ್ಳೋ ಅವಕಾಶ ಕೊಟ್ಟಿತು. ನಂತರ ಸೇರಿದವರ ಪದವಿ ರದ್ದು, ಫೀ ವಾಪಸ್. ಅದಕ್ಕೇ ಹೇಳಿದ್ದು, ವರ್ಷ ಮುಖ್ಯ.

ಮೂರನೆಯದು ಪೊಲೀಸ್ ದೂರು, ವಂಚನೆ ಅಂತ. 2024ರ ಜುಲೈ 1ಕ್ಕೆ ಮುಂಚಿನದಾದರೆ ಐಪಿಸಿ 420, ನಂತರದ್ದಾದರೆ ಭಾರತೀಯ ನ್ಯಾಯ ಸಂಹಿತೆಯ 318. ಯುಜಿಸಿ ಕಾಯ್ದೆಯಲ್ಲಿರುವ ದಂಡ ಬರೀ ಒಂದು ಸಾವಿರ ರೂಪಾಯಿವರೆಗೆ, ಅದನ್ನು ಓದಿದಾಗ ನನಗೆ ಹೊಟ್ಟೆ ಉರಿಯಿತು. ಹಾಗಾಗಿ ವಂಚನೆಯ ಕಲಂ ಹಾಕಿಸಲೇಬೇಕು. ಒಬ್ಬರೇ ಹೋಗಬೇಡಿ. ನಿಮ್ಮ ಬ್ಯಾಚಿನ ನಾಲ್ಕೈದು ಜನ ರಸೀದಿ ಹಿಡಿದು ಒಟ್ಟಿಗೆ ಹೋದರೆ ಠಾಣೆಯಲ್ಲಿ ಕೂರಿಸಿ ಕೇಳುತ್ತಾರೆ.

ವಕೀಲರಿಗೆ ಕೊಡೋಕೆ ದುಡ್ಡಿಲ್ಲ ಅಂತ ಸುಮ್ನೆ ಕೂರಬೇಡಿ. ಜಿಲ್ಲಾ ಕೋರ್ಟ್ ಆವರಣದಲ್ಲೇ ಕಾನೂನು ಸೇವಾ ಪ್ರಾಧಿಕಾರದ ಕಚೇರಿ ಇರುತ್ತದೆ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ವಕೀಲರನ್ನು ಉಚಿತವಾಗಿ ಕೊಡುತ್ತಾರೆ. 15100ಕ್ಕೆ ಫೋನ್ ಮಾಡಿದರೂ ಆಯ್ತು. ತಂಗಿಗೆ ವಕೀಲರು ಸಿಕ್ಕಿದ್ದು ಹೀಗೇ. ಈಗ ಅವಳು ಬೇರೆ ಕಡೆ ಮತ್ತೆ ಮೊದಲ ವರ್ಷಕ್ಕೆ ಸೇರಿದ್ದಾಳೆ, ಈ ಸಲ ಡಿಇಬಿ ಐಡಿ (ದೂರಶಿಕ್ಷಣಕ್ಕೆ ಸೇರೋ ವಿದ್ಯಾರ್ಥಿಯ ಗುರುತು ಸಂಖ್ಯೆ) ತಾನೇ ಮಾಡಿಕೊಂಡು, ಹಣವನ್ನು ನೇರ ವಿಶ್ವವಿದ್ಯಾಲಯದ ಖಾತೆಗೇ ಕಟ್ಟಿ.